ಕಣ್ಣು ಮಿಟುಕಿಸುವಷ್ಟು ಕತ್ತಲು

2018ರ ‘ಕೆ.ಜಿ.ಎಫ್: ಚಾಪ್ಟರ್ 1’ರ ಸಂಕಲನಕಾರ ಶ್ರೀಕಾಂತ್ ಗೌಡ. 2022ರ ಎರಡನೇ ಭಾಗಕ್ಕೆ ನಿರ್ದೇಶಕ ಪ್ರಶಾಂತ್ ನೀಲ್ ಆರಿಸಿಕೊಂಡದ್ದು ಆಗ ಇಪ್ಪತ್ತರ ಆಸುಪಾಸಿನಲ್ಲಿದ್ದ ಉಜ್ವಲ್ ಕುಲಕರ್ಣಿ ಅವರನ್ನು. ಮರುವರ್ಷದ ‘ಸಲಾರ್’ನಲ್ಲೂ ಈ ಜೋಡಿ ಮುಂದುವರಿಯಿತು.

ಅಭಿಮಾನಿ ವಿಡಿಯೋಗಳನ್ನು ಜೋಡಿಸುತ್ತ ಪಳಗಿದ ಕೈ ಅದು. ಎರಡನೇ ಭಾಗದ ಕಾರಿನ ಕಾಳಗ ನೋಡಿ: ಒಂದು ಏಟು, ಕಪ್ಪು ಪರದೆ, ಮತ್ತೊಂದು ಏಟು. ಕಣ್ಣು ಮಿಟುಕಿಸುವಷ್ಟೇ ಹೊತ್ತಿನ ಆ ಕತ್ತಲಲ್ಲಿ, ಕಾಣದ ಹೊಡೆತವನ್ನು ನಮ್ಮ ಮನಸ್ಸೇ ತುಂಬಿಕೊಳ್ಳುತ್ತದೆ. ಬಾಯಿಂದ ಬಾಯಿಗೆ ಬೆಳೆಯುವ ದಂತಕಥೆಯಂತಿರುವ ನೀಲ್ ಅವರ ನಾಯಕನಿಗೆ ಇದು ಹೇಳಿ ಮಾಡಿಸಿದ ಸಂಕಲನ.

ಆದರೆ ಚಿತ್ರ ಹೊತ್ತಿರುವುದು ಒಂದು ಊರಿನ ಹೆಸರನ್ನು. ಅಲ್ಲಿನ ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕಿಳಿದಿತ್ತು. ಆ ಕತ್ತಲು ಇಡೀ ಪಾಳಿಯಷ್ಟು ಉದ್ದ. 2001ರಲ್ಲಿ ಗಣಿ ಮುಚ್ಚಿತು. ಉಳಿದದ್ದು ಸೈನೈಡ್ ದಿಬ್ಬಗಳು, ಕೆಲಸ ಕಳೆದುಕೊಂಡವರ ಸಾಲುಮನೆಗಳು. ಈ ವೇಗದಲ್ಲಿ ಕಾರ್ಮಿಕನ ಮುಖ ಬರುವುದು ನಾಯಕನನ್ನು ಕಂಡು ಬೆರಗಾಗಲು ಮಾತ್ರ. ಅವನ ದಣಿವಿಗೆ ಪರದೆಯ ಮೇಲೆ ಸಮಯವಿಲ್ಲ.

ಸಂಕಲನವೆಂದರೆ ಯಾರಿಗೆ ಎಷ್ಟು ಹೊತ್ತು ಎಂದು ಹಂಚುವ ಕೆಲಸ. ಲಯ ಕುಲಕರ್ಣಿಯವರ ಕೈಯಲ್ಲಿದೆ. ನಾಯಕನಲ್ಲದವನ ಮುಖದ ಮೇಲೆ ಕತ್ತರಿ ತಡೆದು ನಿಲ್ಲುವ ದಿನ, ಈ ಜೋಡಿಯ ಸಿನಿಮಾ ಇನ್ನೂ ಆಳಕ್ಕಿಳಿದೀತು.