ದಾಟಿಸಿದ ಪಂದ್ಯ: ಸೂಚ್ಯ-ದೃಶ್ಯ ವಿವೇಕದ ಒಂದು ಹೊಸ ಪ್ರಸಂಗ

೧

ಕಥಾವಸ್ತುವಿನಲ್ಲಿ ಯಾವುದನ್ನು ಕಣ್ಣೆದುರು ತೋರಿಸಬೇಕು, ಯಾವುದನ್ನು ಕೇವಲ ತಿಳಿಸಿ ಮುಂದೆ ಸಾಗಬೇಕು ಎಂಬ ಪ್ರಶ್ನೆ ಕಾವ್ಯಮೀಮಾಂಸೆಯಷ್ಟೇ ಹಳೆಯದು. ಹತ್ತನೆಯ ಶತಮಾನದ ಧನಂಜಯನು ತನ್ನ ‘ದಶರೂಪಕ’ದಲ್ಲಿ ನಾಟಕದ ವಸ್ತುವನ್ನು ಸೂಚ್ಯವೆಂದೂ ದೃಶ್ಯವೆಂದೂ ವಿಂಗಡಿಸಿದನು. ನೀರಸವಾದುದನ್ನೂ ಅನುಚಿತವಾದುದನ್ನೂ ಸೂಚಿಸಿದರೆ ಸಾಕು. ಮಧುರವೂ ಉದಾತ್ತವೂ ಆದುದನ್ನು, ರಸಭಾವಗಳಿಂದ ತುಂಬಿದುದನ್ನು, ರಂಗದ ಮೇಲೆ ಕಾಣಿಸಬೇಕು. ಸೂಚ್ಯವಾದ ಭಾಗವನ್ನು ತಿಳಿಸಲು ವಿಷ್ಕಂಭಕ, ಪ್ರವೇಶಕ, ಚೂಲಿಕೆ, ಅಂಕಾಸ್ಯ, ಅಂಕಾವತಾರಗಳೆಂಬ ಐದು ಉಪಾಯಗಳನ್ನು ಅವನು ಹೇಳುತ್ತಾನೆ. ಅರಿಸ್ಟಾಟಲನೂ ಇದೇ ಬಗೆಯ ಮಾತನ್ನು ಆಡಿದ್ದಾನೆ. ಒಬ್ಬ ಮನುಷ್ಯನ ಬಾಳಿನಲ್ಲಿ ನಡೆದುದೆಲ್ಲವನ್ನೂ ಒಂದೆಡೆ ಪೇರಿಸಿದ ಮಾತ್ರಕ್ಕೆ ಕಥೆಗೆ ಏಕತೆ ಬರುವುದಿಲ್ಲವೆಂದು ಅವನ ಮತ. ಹೋಮರನು ಒಡಿಸ್ಯೂಸನಿಗೆ ಸಂಭವಿಸಿದುದೆಲ್ಲವನ್ನೂ ಹೇಳದೆ ಬಿಟ್ಟುದನ್ನು ಅವನು ಮೆಚ್ಚಿಕೊಂಡಿದ್ದಾನೆ. ನಮ್ಮ ಪಂಪನು ಹದಿನೆಂಟು ಪರ್ವಗಳ ಭಾರತವನ್ನು ೧೪ ಆಶ್ವಾಸಗಳಲ್ಲಿ ಅಡಗಿಸಿದುದೂ ಈ ವಿವೇಕದ ಬಲದಿಂದಲೇ.

ಈಚೆಗೆ ನಮ್ಮ ಎಂ.ಎ. ತರಗತಿಯ ವಿದ್ಯಾರ್ಥಿಯೊಬ್ಬನು ವಿಷ್ಕಂಭಕದ ಪಾಠ ಮುಗಿದ ಮೇಲೆ ತಾನು ಆಡುವ ಬ್ಯಾಸ್ಕೆಟ್‌ಬಾಲ್ ವಿಡಿಯೋ ಗೇಮಿನ ಮಾತನ್ನು ತೆಗೆದನು. ಅದರಲ್ಲಿ ತನ್ನ ಆಟಗಾರನು ಏಳು ಋತುಗಳನ್ನು ಮುಗಿಸಿ ಸಾವಿರಗಟ್ಟಲೆ ಅಂಕಗಳನ್ನು ಗಳಿಸಿದ್ದಾನೆಂದು ಹೆಮ್ಮೆಯಿಂದ ಹೇಳಿದನು. ಆ ಪಂದ್ಯಗಳಲ್ಲಿ ನೀನೇ ಆಡಿದವು ಎಷ್ಟು ಎಂದು ಕೇಳಿದಾಗ ಮಾತ್ರ ಉತ್ತರ ಬರಲಿಲ್ಲ. ಕೆಲವನ್ನು ತಾನು ಆಡಿದ್ದನು. ಬಹುಪಾಲನ್ನು ಯಂತ್ರಕ್ಕೆ ಒಪ್ಪಿಸಿ ದಾಟಿಸಿಬಿಟ್ಟಿದ್ದನು. ಯಾವುದು ಯಾವುದೆಂದು ಈಗ ಅವನಿಗೇ ತಿಳಿಯದು. ಅವನ ಮೌನವೇ ಈ ಪ್ರಬಂಧಕ್ಕೆ ಕಾರಣ. ಪಂದ್ಯವನ್ನು ಆಡದೆ ದಾಟಿಸುವುದು ಸೂಚ್ಯವೇ, ಅಲ್ಲವೇ? ಸೂಚ್ಯವಾದರೆ ಅದರ ನಿಯಮಗಳೇನು? ಇವನ್ನು ವಿಚಾರಿಸುವುದು ಇಲ್ಲಿನ ಉದ್ದೇಶ.

೨

ವಿಚಾರಕ್ಕೆ ತೆಗೆದುಕೊಂಡಿರುವುದು ‘ಎನ್.ಬಿ.ಎ. ೨ಕೆ’ ಎಂಬ ಆಟಗಳ ಮಾಲೆ. ಅಮೆರಿಕದ ವಿಷುಯಲ್ ಕಾನ್ಸೆಪ್ಟ್ಸ್ ಸಂಸ್ಥೆ ನಿರ್ಮಿಸಿದ ಇದರ ಮೊದಲ ಆವೃತ್ತಿ ೧೯೯೯ರಲ್ಲಿ ಹೊರಬಂದಿತು. ೨೦೦೯ರ ಆವೃತ್ತಿಯಲ್ಲಿ ‘ಮೈ ಪ್ಲೇಯರ್’ ಎಂಬ ಹೊಸದೊಂದು ಬಗೆ ಸೇರಿತು. ಮುಂದೆ ಇದಕ್ಕೆ ‘ಮೈ ಕೆರಿಯರ್’ ಎಂಬ ಹೆಸರಾಯಿತು. ಅದಕ್ಕೆ ಮೊದಲು ಆಡುವವನು ಇಡೀ ತಂಡವನ್ನು ನಡೆಸುತ್ತಿದ್ದನು. ಇಲ್ಲಿ ಅವನು ಒಬ್ಬನೇ ಒಬ್ಬ ಆಟಗಾರನನ್ನು ಸೃಷ್ಟಿಸಿ, ಅವನ ಎತ್ತರ, ಸ್ಥಾನ, ಸಾಮರ್ಥ್ಯಗಳನ್ನು ನಿಶ್ಚಯಿಸಿ, ಅವನ ವೃತ್ತಿಜೀವನವನ್ನು ಮೊದಲಿಂದ ಕೊನೆಯವರೆಗೆ ಬದುಕಬೇಕು. ಅಂಗಣದಲ್ಲಿ ಅವನಿಗೆ ಅಂಕಗಳಷ್ಟೇ ಅಲ್ಲದೆ ಸಹ ಆಟಗಾರನಾಗಿ ಒಂದು ಶ್ರೇಣಿಯೂ ದೊರೆಯುತ್ತದೆ. ಒಳ್ಳೆಯ ಪಾಸು ಕೊಟ್ಟರೆ ಶ್ರೇಣಿ ಏರುತ್ತದೆ. ಸಲ್ಲದ ಸಮಯದಲ್ಲಿ ಚೆಂಡನ್ನು ಎಸೆದರೆ, ತಾನು ಕಾಯಬೇಕಾದವನನ್ನು ಬಿಟ್ಟುಕೊಟ್ಟರೆ, ಇಳಿಯುತ್ತದೆ. ಆದುದರಿಂದ ಇದು ಕೇವಲ ಕ್ರೀಡೆಯ ಅನುಕರಣವಲ್ಲ, ಒಂದು ಜೀವನಚರಿತ್ರೆ. ಅದನ್ನು ಬರೆಯುವವನೂ ಬದುಕುವವನೂ ಒಬ್ಬನೇ.

ಈ ಜೀವನಚರಿತ್ರೆಯ ಉದ್ದವನ್ನು ಲೆಕ್ಕಹಾಕಿ ನೋಡಬೇಕು. ಎನ್.ಬಿ.ಎ.ಯಲ್ಲಿ ೧೯೬೭–೬೮ರಿಂದ ಪ್ರತಿ ತಂಡಕ್ಕೂ ಋತುವೊಂದಕ್ಕೆ ೮೨ ಪಂದ್ಯಗಳೆಂಬ ಪದ್ಧತಿ ನೆಲೆಗೊಂಡಿದೆ. ಪಂದ್ಯಕ್ಕೆ ತಲಾ ೧೨ ನಿಮಿಷಗಳ ನಾಲ್ಕು ಭಾಗಗಳು, ಒಟ್ಟು ೪೮ ನಿಮಿಷ. ಈ ಅಳತೆಯಲ್ಲಿ ಆಡಿದರೆ ಒಂದು ಋತುವಿಗೆ ಗಡಿಯಾರದ ಲೆಕ್ಕದಲ್ಲೇ ೬೫ ಗಂಟೆಗಳ ಮೇಲಾಗುತ್ತದೆ. ಭಾಗವೊಂದನ್ನು ೬ ನಿಮಿಷಕ್ಕೆ ಇಳಿಸಿದರೂ ೩೨ ಗಂಟೆ ೪೮ ನಿಮಿಷ. ಹದಿನೈದು ಋತುಗಳ ಜೀವನಕ್ಕೆ ೪೯೨ ಗಂಟೆ. ಇದರಲ್ಲಿ ಆಟ ನಿಂತ ಹೊತ್ತು ಸೇರಿಲ್ಲ. ಋತುವಿನ ಕೊನೆಯಲ್ಲಿ ನಡೆಯುವ, ಏಳರಲ್ಲಿ ನಾಲ್ಕು ಗೆಲ್ಲಬೇಕಾದ ಸರಣಿಗಳೂ ಸೇರಿಲ್ಲ. ಇಷ್ಟನ್ನೂ ಆಡಿಯೇ ತೀರಬೇಕೆಂದರೆ ವೃತ್ತಿಯಿರುವ, ವ್ಯಾಸಂಗವಿರುವ ಮನುಷ್ಯನಿಗೆ ಸಾಧ್ಯವಿಲ್ಲ.

ಆದುದರಿಂದ ನಿರ್ಮಾಪಕರು ದಾಟಿಸುವ ಸೌಕರ್ಯವನ್ನು ಕಲ್ಪಿಸಿದ್ದಾರೆ. ಅದು ಎರಡು ತೆರ. ತರಬೇತುದಾರನು ಆಟಗಾರನನ್ನು ಹೊರಗೆ ಕರೆದು ಬೆಂಚಿನ ಮೇಲೆ ಕೂರಿಸಿದಾಗ, ಮತ್ತೆ ಒಳಗೆ ಹೋಗುವವರೆಗಿನ ಹೊತ್ತನ್ನು ದಾಟಿಸುವುದು ಮೊದಲನೆಯದು. ಇಡೀ ಪಂದ್ಯವನ್ನೇ ಯಂತ್ರದ ಗಣನೆಗೆ ಬಿಟ್ಟು ಫಲಿತಾಂಶವನ್ನು ಮಾತ್ರ ಪಡೆಯುವುದು ಎರಡನೆಯದು. ಆಡುವವರ ಭಾಷೆಯಲ್ಲಿ ಇದಕ್ಕೆ ‘ಸಿಮ್ ಮಾಡುವುದು’ ಎಂದು ಹೆಸರು.

ಮೊದಲನೆಯದರಲ್ಲಿ ವಿವಾದವಿಲ್ಲ. ಬೆಂಚಿನ ಮೇಲಿರುವವನಿಗೆ ಆಟದಲ್ಲಿ ಕರ್ತೃತ್ವವೇ ಇಲ್ಲವಾದ್ದರಿಂದ ಆ ಭಾಗ ಧನಂಜಯನ ಅರ್ಥದಲ್ಲಿ ಶುದ್ಧ ಸೂಚ್ಯ. ತೊಡಕಿರುವುದು ಎರಡನೆಯದರಲ್ಲಿ.

೩

ಕವಿ ಒಂದು ಘಟನೆಯನ್ನು ಸೂಚ್ಯವಾಗಿಸುವಾಗ ಅದು ಏನೆಂಬುದು ಅವನಿಗೆ ಮೊದಲೇ ತಿಳಿದಿರುತ್ತದೆ. ಅದು ನೀರಸವೆಂದು ಬಲ್ಲನಾದುದರಿಂದಲೇ ಬಿಡುತ್ತಾನೆ. ಪಂದ್ಯವನ್ನು ದಾಟಿಸುವವನಿಗೆ ಈ ಅರಿವು ಇಲ್ಲ. ದಾಟಿಸುವ ಕ್ಷಣದಲ್ಲಿ ಆ ಪಂದ್ಯ ಇನ್ನೂ ನಡೆದೇ ಇಲ್ಲ. ನವೆಂಬರ್ ತಿಂಗಳಲ್ಲಿ ದುರ್ಬಲ ತಂಡವೊಂದರ ಎದುರು ನಡೆಯಬೇಕಾದ ಪಂದ್ಯ ಪಟ್ಟಿಯಲ್ಲಿ ನೀರಸವಾಗಿಯೇ ಕಾಣುತ್ತದೆ. ಆಡಿದ್ದರೆ ಅದು ಕೊನೆಯ ಸೆಕೆಂಡಿನ ಎಸೆತದಲ್ಲಿ ನಿರ್ಣಯವಾಗುತ್ತಿತ್ತೋ ಏನೋ! ಕ್ರೀಡೆಯಲ್ಲಿ ರಸವು ಅನಿಶ್ಚಯದಿಂದ ಹುಟ್ಟುತ್ತದೆ. ಅನಿಶ್ಚಯವಾದುದನ್ನು ನೀರಸವೆಂದು ಮುಂಗಡವಾಗಿ ತೀರ್ಮಾನಿಸುವುದು ತರ್ಕಕ್ಕೆ ನಿಲ್ಲದು. ದಾಟಿಸುವವನು ಔಚಿತ್ಯವನ್ನು ಊಹಿಸಬಲ್ಲನೇ ಹೊರತು ಅರಿಯಲಾರನು. ಇದು ಮೊದಲನೆಯ ಭೇದ.

ಎರಡನೆಯ ಭೇದ ಇನ್ನೂ ಮುಖ್ಯವಾದುದು. ನಾಟಕದಲ್ಲಿ ಸೂಚ್ಯವು ಯಾರದೋ ಬಾಯಿಂದ ಬರುತ್ತದೆ. ವಿಷ್ಕಂಭಕದಲ್ಲಿ ಮಧ್ಯಮ ಪಾತ್ರಗಳು, ಪ್ರವೇಶಕದಲ್ಲಿ ನೀಚ ಪಾತ್ರಗಳು ನಡೆದುದನ್ನೂ ನಡೆಯಲಿರುವುದನ್ನೂ ಹೇಳುತ್ತವೆ. ಇದು ಕೇಳಿದ ಸಂಗತಿ, ಕಂಡ ಸಂಗತಿಯಲ್ಲವೆಂಬುದು ಸಹೃದಯನಿಗೆ ಎಂದೂ ಮರೆಯುವುದಿಲ್ಲ. ದಾಟಿಸಿದ ಪಂದ್ಯವನ್ನು ಹೇಳುವವರು ಯಾರೂ ಇಲ್ಲ. ಯಂತ್ರವು ಆಟಗಾರನ ಸಾಮರ್ಥ್ಯದ ಅಂಕಿಗಳನ್ನು ಹಿಡಿದು ಗುಣಿಸಿ, ೧೮ ಅಂಕ, ೬ ರಿಬೌಂಡ್ ಎಂದು ಏನೋ ಒಂದು ಫಲವನ್ನು ಅಂಕಪಟ್ಟಿಯಲ್ಲಿ ಬರೆಯುತ್ತದೆ. ಆ ಸಾಲು, ತಾನೇ ಬೆವರಿಳಿಸಿ ಆಡಿದ ಪಂದ್ಯದ ಸಾಲಿನ ಕೆಳಗೆ ಅದೇ ಅಕ್ಷರದಲ್ಲಿ, ಅದೇ ಬಣ್ಣದಲ್ಲಿ ಕುಳಿತುಕೊಳ್ಳುತ್ತದೆ. ಎರಡೂ ಒಂದೇ ಮೊತ್ತಕ್ಕೆ ಸೇರುತ್ತವೆ. ಸೂಚ್ಯವು ದೃಶ್ಯದ ವೇಷವನ್ನು ತೊಟ್ಟು ಅದರ ಪಕ್ಕದಲ್ಲಿ ನಿಂತಿದೆ.

ಆಡುವವರೇ ಇದರಿಂದ ಅಸಮಾಧಾನಗೊಂಡಿರುವುದು ಗಮನಿಸತಕ್ಕ ವಿಷಯ. ತಾವು ದಾಟಿಸಿದ ಪಂದ್ಯಗಳಲ್ಲಿ ಯಂತ್ರವು ತಮ್ಮ ಆಟಗಾರನಿಗೆ ಕಡಿಮೆ ಅಂಕಗಳನ್ನು ಕೊಟ್ಟು ಸರಾಸರಿಯನ್ನು ಕೆಡಿಸಿತೆಂಬುದು ಅವರು ಸಾಮಾನ್ಯವಾಗಿ ಹೇಳುವ ದೂರು. ಈ ದೂರಿನ ಒಳಗೆ ಒಂದು ಸತ್ಯ ಅಡಗಿದೆ. ಅಂಕ ಕಡಿಮೆಯಾಯಿತೆಂಬುದು ಹೊರಗಿನ ಕಾರಣ. ತಾನು ಮಾಡದ ಕೆಲಸ ತನ್ನ ಹೆಸರಿಗೆ ಬಂದಿತೆಂಬುದು ಒಳಗಿನ ಕಾರಣ. ಹೆಚ್ಚು ಅಂಕ ಕೊಟ್ಟಿದ್ದರೆ ದೂರು ಹುಟ್ಟುತ್ತಿರಲಿಲ್ಲ, ನಿಜ. ಆದರೆ ಸುಳ್ಳು ಹಾಗೆಯೇ ಉಳಿಯುತ್ತಿತ್ತು.

೪

ದಾಟಿಸುವ ಅಧಿಕಾರವನ್ನು ಆಡುವವನಿಂದ ಕಸಿದು ನಿರ್ಮಾಪಕನೇ ಕವಿಯಂತೆ ವಹಿಸಿಕೊಂಡರೆ ಈ ತೊಡಕು ನೀಗೀತೇ ಎಂದು ಕೇಳಬಹುದು. ಇದಕ್ಕೆ ೨೦೧೫ರಲ್ಲಿ ಬಂದ ‘೨ಕೆ೧೬’ ಉತ್ತರವಾಗಿದೆ. ಪ್ರಸಿದ್ಧ ಚಲನಚಿತ್ರ ನಿರ್ದೇಶಕ ಸ್ಪೈಕ್ ಲೀ ಅವರು ಅದರ ವೃತ್ತಿಜೀವನದ ಕಥೆಯನ್ನು ಬರೆದು ನಿರ್ದೇಶಿಸಿದರು. ನಾಯಕನ ಹೈಸ್ಕೂಲಿನ ದಿನಗಳು, ಕಾಲೇಜು, ವೃತ್ತಿಯ ಮೊದಲ ವರ್ಷ, ಅವನ ಕುಟುಂಬ, ದಾರಿತಪ್ಪಿದ ಬಾಲ್ಯಸ್ನೇಹಿತ ವಿಕ್ ಮತ್ತು ಅವನ ಮರಣ—ಇವೆಲ್ಲ ದೀರ್ಘ ದೃಶ್ಯಗಳಲ್ಲಿ ಬರುತ್ತವೆ. ಪಂದ್ಯಗಳಾದರೋ ನಡುನಡುವೆ ಬೆರಳೆಣಿಕೆಯಷ್ಟು. ಮೊದಲ ಋತುವಿನ ಬಹುಭಾಗವನ್ನು ಕಥೆಗಾರನೇ ದಾಟಿಸಿಬಿಟ್ಟಿದ್ದಾನೆ.

ಇದು ಧನಂಜಯನ ಸೂತ್ರಕ್ಕೆ ಹೊಂದುವಂತೆ ತೋರುತ್ತದೆ: ಭಾವವುಳ್ಳದ್ದು ದೃಶ್ಯ, ಉಳಿದುದು ಸೂಚ್ಯ. ಹಾಗಿದ್ದೂ ಆಡುವವರಲ್ಲಿ ಅನೇಕರಿಗೆ ಇದು ಒಪ್ಪಿಗೆಯಾಗಲಿಲ್ಲ. ಯಾವ ಕಾಲೇಜನ್ನು ಆರಿಸಿದರೂ ಕಥೆ ಅದೇ. ನಾಯಕನು ಆಡುವ ಮಾತೂ ಮಾಡುವ ತೀರ್ಮಾನವೂ ಆಡುವವನವಲ್ಲ. ದೋಷವಿರುವುದು ಸೂತ್ರದಲ್ಲಲ್ಲ, ಅದನ್ನು ಅನ್ವಯಿಸಿದ ರೀತಿಯಲ್ಲಿ. ರಂಗಭೂಮಿಯಲ್ಲಿ ದೃಶ್ಯವೆಂದರೆ ನೋಡತಕ್ಕದ್ದು. ಆಟದಲ್ಲಿ ದೃಶ್ಯದ ಸ್ಥಾನವನ್ನು ಪಡೆಯುವುದು ಆಡತಕ್ಕದ್ದು. ಕೈಕಟ್ಟಿ ನೋಡಬೇಕಾದ ಭಾಗವು ಎಷ್ಟೇ ಭಾವಪೂರ್ಣವಾಗಿದ್ದರೂ ಆಟದ ದೃಷ್ಟಿಯಿಂದ ಸೂಚ್ಯವೇ. ಸ್ಪೈಕ್ ಲೀ ಅವರ ಕೃತಿಯಲ್ಲಿ ವಿಷ್ಕಂಭಕವು ಅಂಕವನ್ನು ನುಂಗಿತು. ಅದರ ಕೌಟುಂಬಿಕ ಸನ್ನಿವೇಶಗಳಿಗೆ ಚಲನಚಿತ್ರವಾಗಿ ಬೆಲೆಯಿದ್ದರೂ ಈ ಮಾತನ್ನು ಹೇಳದೆ ವಿಧಿಯಿಲ್ಲ.

೫

ದಾಟಿಸುವುದರ ಮೇಲೆ ನಿರ್ಮಾಪಕರು ಹಾಕಿರುವ ಅಂಕುಶ ಯಾವುದೆಂದು ನೋಡಿದರೆ ಅದು ರಸದ ಅಂಕುಶವಲ್ಲ, ಸಂಬಳದ್ದು. ಪಂದ್ಯ ಆಡಿದವನಿಗೆ ‘ವಿ.ಸಿ.’ ಎಂಬ ಕಲ್ಪಿತ ನಾಣ್ಯ ದೊರೆಯುತ್ತದೆ. ಎಸೆತ, ಓಟ, ರಕ್ಷಣೆ ಮೊದಲಾದ ಸಾಮರ್ಥ್ಯಗಳನ್ನು ಹೆಚ್ಚಿಸಿಕೊಳ್ಳಲು ಅದನ್ನೇ ತೆರಬೇಕು. ದಾಟಿಸಿದ ಪಂದ್ಯಕ್ಕೆ ಸಾಮಾನ್ಯವಾಗಿ ಆ ಸಂಬಳ ಇಲ್ಲ. ಇದೇ ನಾಣ್ಯವನ್ನು ನಿಜವಾದ ಹಣ ಕೊಟ್ಟೂ ಅಂಗಡಿಯ ಸರಕಿನಂತೆ ಕೊಳ್ಳಬಹುದು.

ಇದರ ಪರಿಣಾಮವೇನು? ರಸವಿದೆಯೆಂದು ಆಡಬೇಕಾದ ಪಂದ್ಯವನ್ನು ಕೂಲಿಯಿದೆಯೆಂದು ಆಡುವಂತಾಗುತ್ತದೆ. ಬೇಸರವಾದಾಗ ದಾಟಿಸಬೇಕಾದವನು ನಷ್ಟಕ್ಕೆ ಹೆದರಿ ದಾಟಿಸದೆ ಕೂರುತ್ತಾನೆ. ಕೈಯಲ್ಲಿ ಹಣವುಳ್ಳವನು ನಿಶ್ಚಿಂತೆಯಿಂದ ದಾಟಿಸುತ್ತಾನೆ. ಸೂಚ್ಯ-ದೃಶ್ಯಗಳ ತೀರ್ಮಾನವನ್ನು ಸಹೃದಯತೆಯ ಕೈಯಿಂದ ತೆಗೆದು ಹಣದ ಚೀಲದ ಕೈಗೆ ಕೊಟ್ಟಂತಾಯಿತು. ಬೇಡವೆಂದಾಗ ಬಿಡಬಲ್ಲ ಸ್ವಾತಂತ್ರ್ಯವೇ ಆಟಕ್ಕೂ ದುಡಿಮೆಗೂ ಇರುವ ಅಂತರ. ಇಲ್ಲಿ ಆ ಅಂತರ ಬಹಳ ತೆಳುವಾಗಿಬಿಟ್ಟಿದೆ.

೬

ಇಷ್ಟು ಹೇಳಿದ ಮೇಲೂ ಒಂದು ಆಕ್ಷೇಪ ಉಳಿಯುತ್ತದೆ. ವೃತ್ತಿಜೀವನವೆಂದರೆ ಆರಿಸಿದ ಮಹಾಕ್ಷಣಗಳ ಮಾಲೆಯಲ್ಲ. ಪ್ರತಿದಿನವೂ ಹಾಜರಾಗುವುದೇ ಅದರ ತಿರುಳು. ಆದುದರಿಂದ ದಾಟಿಸುವುದೇ ತಪ್ಪು ಎಂದು ವಾದಿಸುವವರಿದ್ದಾರೆ. ಈ ವಾದಕ್ಕೆ ತೂಕವಿದೆ. ಎ. ಸಿ. ಗ್ರೀನ್ ಎಂಬ ಆಟಗಾರರು ೧೯೮೬ರಿಂದ ೨೦೦೧ರವರೆಗೆ ಒಂದನ್ನೂ ತಪ್ಪಿಸದೆ ಸತತವಾಗಿ ೧,೧೯೨ ಪಂದ್ಯಗಳಲ್ಲಿ ಆಡಿದರು. ಅವರ ಕೀರ್ತಿಗೆ ಒಂದು ಪಂದ್ಯದ ಅಂಕಗಳಿಗಿಂತ ಈ ಹಾಜರಿಯೇ ಹೆಚ್ಚಿನ ಆಧಾರ. ನೀರಸವಾದ ಪಂದ್ಯಗಳನ್ನೂ ಆಡಿದವನಿಗೆ ಮಾತ್ರ ಅಂತಿಮ ಪಂದ್ಯದ ಭಾರ ತಿಳಿಯುತ್ತದೆಂಬುದೂ ಸುಳ್ಳಲ್ಲ.

ಆದರೆ ಈ ಪ್ರಶ್ನೆಯನ್ನು ನಿಜವಾದ ಎನ್.ಬಿ.ಎ.ಯೇ ಎದುರಿಸಿದೆಯೆಂಬುದನ್ನು ನಾವು ಮರೆಯಬಾರದು. ೨೦೧೨ರ ನವೆಂಬರಿನಲ್ಲಿ ಸ್ಯಾನ್ ಆಂಟೋನಿಯೋ ಸ್ಪರ್ಸ್ ತಂಡದ ತರಬೇತುದಾರ ಗ್ರೆಗ್ ಪಾಪೊವಿಚ್ ಅವರು ಮಯಾಮಿಯ ಪಂದ್ಯಕ್ಕೆ ಮುನ್ನ ಟಿಮ್ ಡಂಕನ್, ಟೋನಿ ಪಾರ್ಕರ್, ಮನು ಜಿನೋಬಿಲಿ, ಡ್ಯಾನಿ ಗ್ರೀನ್ ಈ ನಾಲ್ವರನ್ನು ವಿಶ್ರಾಂತಿಗಾಗಿ ಊರಿಗೆ ಕಳುಹಿಸಿದರು. ಲೀಗು ಆ ತಂಡಕ್ಕೆ ೨,೫೦,೦೦೦ ಡಾಲರು ದಂಡ ವಿಧಿಸಿತು. ಆಟಗಾರರಿಗೆ ವಿಶ್ರಾಂತಿ ಕೊಡುವ ಪದ್ಧತಿ ಮುಂದೆ ಬೆಳೆಯುತ್ತಲೇ ಹೋದುದರಿಂದ, ೨೦೨೩–೨೪ರ ಋತುವಿನಿಂದ ಪ್ರಮುಖ ಪ್ರಶಸ್ತಿಗಳಿಗೆ ಅರ್ಹನಾಗಲು ಆಟಗಾರನು ಸಾಮಾನ್ಯವಾಗಿ ಕನಿಷ್ಠ ೬೫ ಪಂದ್ಯಗಳಲ್ಲಿ ಆಡಿರಬೇಕೆಂಬ ನಿಯಮ ಬಂದಿತು. ೮೨ರಲ್ಲಿ ಕೆಲವನ್ನು ಬಿಡುವುದು ಸಹಜವೆಂದು ಈ ನಿಯಮವೇ ಒಪ್ಪಿಕೊಂಡಂತಾಯಿತು. ದೇಹವುಳ್ಳ ಆಟಗಾರನಿಗೆ ದಣಿವು ಕಾರಣ. ಮನೆಯಲ್ಲಿ ಆಡುವವನಿಗೆ ಹೊತ್ತಿಲ್ಲದಿರುವುದು ಕಾರಣ. ಎರಡೂ ಮಾನ್ಯವಾದ ಕಾರಣಗಳೇ.

ಹೀಗೆ ಎರಡು ಕಡೆಯೂ ಪಂದ್ಯವನ್ನು ಬಿಡುವುದುಂಟು. ಭೇದವಿರುವುದು ಬಿಟ್ಟ ಬಳಿಕ. ಡಂಕನ್ ಅವರು ಆಡದ ರಾತ್ರಿ ಅವರ ಹೆಸರಿಗೆ ಒಂದು ಅಂಕವೂ ಜಮೆಯಾಗಲಿಲ್ಲ. ಲೀಗಿನ ಪಟ್ಟಿಯಲ್ಲಿ ಅಂಥವರ ಹೆಸರಿನ ಮುಂದೆ ‘ಆಡಲಿಲ್ಲ’ ಎಂದಷ್ಟೇ ಬರೆಯುತ್ತಾರೆ. ಸರಾಸರಿಯನ್ನು ಆಡಿದ ಪಂದ್ಯಗಳಿಂದ ಮಾತ್ರ ತೆಗೆಯುತ್ತಾರೆ. ಬಿಟ್ಟದ್ದು ಬಿಟ್ಟದ್ದಾಗಿಯೇ ಉಳಿಯುವುದರಿಂದ ಆಡಿದ್ದು ಆಡಿದವನದಾಗಿಯೇ ಉಳಿಯುತ್ತದೆ. ಗ್ರೀನ್ ಅವರ ೧,೧೯೨ಕ್ಕೆ ಬೆಲೆ ಬಂದಿರುವುದು, ಉಳಿದವರ ಪಟ್ಟಿಗಳಲ್ಲಿ ಈ ಖಾಲಿ ಜಾಗಗಳು ಇರುವುದರಿಂದ.

೭

ಒಟ್ಟಿನಲ್ಲಿ ಹೇಳುವುದಾದರೆ: ಪಂದ್ಯವನ್ನು ದಾಟಿಸುವುದು ದೋಷವಲ್ಲ. ಕವಿಗೆ ಇರುವ ಸೂಚ್ಯಾಧಿಕಾರವೇ ಇಲ್ಲಿ ಆಡುವವನಿಗೆ ಸಂದಿದೆ. ಈ ಮಾಧ್ಯಮವು ಸಹೃದಯನಿಗೆ ಹೊಸದಾಗಿ ಕೊಟ್ಟಿರುವ ಗೌರವವೆಂದೇ ಅದನ್ನು ಭಾವಿಸಬೇಕು. ದೋಷವಿರುವುದು ಆ ಅಧಿಕಾರವನ್ನು ಕೂಲಿಗೆ ಕಟ್ಟಿಹಾಕಿರುವುದರಲ್ಲಿ. ಅದಕ್ಕಿಂತ ಹೆಚ್ಚಾಗಿ, ದಾಟಿಸಿದುದನ್ನು ಆಡಿದುದೆಂಬಂತೆ ದಾಖಲು ಮಾಡುವುದರಲ್ಲಿ. ಇದಕ್ಕೆ ಪರಿಹಾರ ಕಷ್ಟವಾದುದೇನಲ್ಲ. ದಾಟಿಸಿದ ಪಂದ್ಯದ ಗೆಲವು-ಸೋಲುಗಳನ್ನು ತಂಡದ ಲೆಕ್ಕಕ್ಕೆ ಹಾಕಲಿ. ಆಟಗಾರನ ಲೆಕ್ಕದಲ್ಲಿ ಆ ಸಾಲು ಖಾಲಿಯಾಗಿರಲಿ. ಆಗ ಏಳು ಋತುಗಳ ಕೊನೆಗೆ ಪಟ್ಟಿ ಚಿಕ್ಕದಾಗಬಹುದು. ಆದರೆ ಅದರಲ್ಲಿರುವ ಪ್ರತಿಯೊಂದು ಅಂಕದ ಹಿಂದೆಯೂ ನೆನಪಿನಲ್ಲಿರುವ ಒಂದು ಸಂಜೆ ಇರುತ್ತದೆ.

ನಮ್ಮ ವಿದ್ಯಾರ್ಥಿಯ ಕಥೆ ಇಲ್ಲಿಗೆ ನಿಲ್ಲಲಿಲ್ಲ. ಕೆಲವು ವಾರಗಳ ಮೇಲೆ ಅವನು ಹೊಸ ಆಟಗಾರನೊಬ್ಬನನ್ನು ಸೃಷ್ಟಿಸಿ, ತಾನು ನಿಜವಾಗಿ ಆಡಿದ ಪಂದ್ಯಗಳನ್ನು ಬೇರೆಯೊಂದು ನೋಟುಪುಸ್ತಕದಲ್ಲಿ ಗುರುತು ಹಾಕಿಕೊಳ್ಳತೊಡಗಿದನೆಂದು ತಿಳಿಸಿದನು. ಆ ಪುಸ್ತಕದಲ್ಲಿ ಆಗ ಹನ್ನೊಂದೇ ಸಾಲುಗಳಿದ್ದವು. ಒಂದೊಂದು ಪಂದ್ಯವನ್ನೂ ಅವನು ಕಣ್ಣಿಗೆ ಕಟ್ಟುವಂತೆ ಹೇಳಬಲ್ಲವನಾಗಿದ್ದನು. ಉಳಿದ ಪಂದ್ಯಗಳ ಎದುರಿಗೆ ತನ್ನ ಕೈಯಿಂದಲೇ ‘ಆಡಲಿಲ್ಲ’ ಎಂದು ಬರೆದಿದ್ದನು. ಯಂತ್ರವು ಬರೆಯದೆ ಬಿಟ್ಟದ್ದು ಆ ಒಂದು ಮಾತು.