ಮಲ್ಲೇಶ್ವರದ ಅಭಿನಯ ಸರಸ್ವತಿ

ನಟಿ ಬಿ. ಸರೋಜಾದೇವಿ ಅಂದರೆ ನನಗೆ ಮೊದಲು ನೆನಪಾಗುವುದು ‘ಕಿತ್ತೂರು ಚೆನ್ನಮ್ಮ’ ಸಿನಿಮಾ. 1961ರಲ್ಲಿ ಬಿ.ಆರ್. ಪಂತುಲು ಆ ಪಾತ್ರ ಕೊಟ್ಟಾಗ ಅವರಿಗಿನ್ನೂ ಇಪ್ಪತ್ಮೂರು. ಕಪ್ಪ ಕೇಳಿದವರಿಗೆ ಉತ್ತರ ಕೊಡುವ ದೃಶ್ಯ ಗಮನಿಸಿ: ದನಿ ಏರುತ್ತ ಹೋಗುತ್ತದೆ, ಒಂದಕ್ಷರವೂ ಕಲೆಸಿಹೋಗುವುದಿಲ್ಲ, ಕಾಡಿಗೆ ತೀಡಿದ ಆ ದೊಡ್ಡ ಕಣ್ಣುಗಳು ಮಾತಿಗಿಂತ ಒಂದು ಗಳಿಗೆ ಮೊದಲೇ ಕೆರಳಿರುತ್ತವೆ.

ಹೊನ್ನಪ್ಪ ಭಾಗವತರ್ 1955ರ ‘ಮಹಾಕವಿ ಕಾಳಿದಾಸ’ದಲ್ಲಿ ಪರಿಚಯಿಸಿದ ಬೆಂಗಳೂರಿನ ಹುಡುಗಿ ಇವರು. ಮೂರೇ ವರ್ಷಕ್ಕೆ ಎಂ.ಜಿ.ಆರ್. ಜೊತೆ ‘ನಾಡೋಡಿ ಮನ್ನನ್’, ಮರುವರ್ಷ ದಿಲೀಪ್ ಕುಮಾರ್ ಇದ್ದ ‘ಪೈಗಾಮ್’. ತಮಿಳರು ‘ಕನ್ನಡದ ಗಿಳಿ’ ಎಂದು ಕೊಂಡಾಡಿದರು. ಅವರ ತಮಿಳಿನಲ್ಲಿ ನಮ್ಮೂರಿನ ರಾಗ ಉಳಿದೇ ಇತ್ತು, ಅದನ್ನೇ ಅಲ್ಲಿನವರು ಮುದ್ದು ಮಾಡಿದರು. 1969ರಲ್ಲಿ ಪದ್ಮಶ್ರೀ, 1992ರಲ್ಲಿ ಪದ್ಮಭೂಷಣ. ಬಿರುದು ಬಾವಲಿ ಇರಲಿ.

1967ರಲ್ಲಿ ಮದುವೆಯಾದ ಮೇಲೂ ನಟನೆ ನಿಲ್ಲಲಿಲ್ಲ. 2025ರ ಜುಲೈ 14ರಂದು ಮಲ್ಲೇಶ್ವರದ ಮನೆಯಲ್ಲಿ ಅವರು ತೀರಿಕೊಂಡಾಗ ನಾನು ಮತ್ತೆ ಹಾಕಿ ನೋಡಿದ್ದು 1977ರ ‘ಬಭ್ರುವಾಹನ’. ಅರ್ಜುನನೂ ರಾಜ್‌ಕುಮಾರ್, ಬಭ್ರುವಾಹನನೂ ರಾಜ್‌ಕುಮಾರ್. ಒಂದೇ ಮುಖದ ಎದುರು ಒಮ್ಮೆ ಹೆಂಡತಿಯಾಗಿ, ಒಮ್ಮೆ ತಾಯಿಯಾಗಿ ನಿಲ್ಲಬೇಕಾದ ಚಿತ್ರಾಂಗದೆ. ಎರಡೂ ನಂಬಿಕೆ ಬರುವಂತಿವೆ, ಅದೂ ಪೂರ್ತಿಯಾಗಿ.