ವಿಡಿಯೋ ಆಟದಲ್ಲಿ ವೇಷ: ಒಂದು ವಿಮರ್ಶೆ



ಕಾವ್ಯ, ನಾಟಕ, ಪುರಾಣಗಳ ವಿಮರ್ಶೆಯನ್ನು ನಿರೀಕ್ಷಿಸಿ ಈ ಪುಟವನ್ನು ತೆರೆದ ನೀವು ಮೊಬೈಲಿನ ಆಟದ ಹೆಸರನ್ನು ಕಂಡು ಹುಬ್ಬೇರಿಸಬಹುದು. ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆಗಳ ಕಡೆಯಿಂದ ಮಠಕ್ಕೆ ಬರುವ ತಂದೆತಾಯಿಗಳು ತಮ್ಮ ಮಕ್ಕಳ ವಿಷಯವಾಗಿ ತೋಡಿಕೊಳ್ಳುವ ಅಳಲಿನಲ್ಲಿ ಈಚೆಗೆ ಈ ಆಟಗಳದೇ ದೊಡ್ಡ ಪಾಲು. ಅವರ ದೂರೆಲ್ಲ ಬಂದೂಕಿನ ಮೇಲೆ, ಹಾಳಾಗುವ ಹೊತ್ತಿನ ಮೇಲೆ. ಅದು ನ್ಯಾಯವಾದ ದೂರೇ. ಆದರೆ ಆ ವಿಚಾರವನ್ನು ಈಗಾಗಲೇ ಅನೇಕರು ಬರೆದು ಮುಗಿಸಿದ್ದಾರೆ. ನಾವು ಇಲ್ಲಿ ಎತ್ತಿಕೊಳ್ಳುವುದು ಅದರೊಳಗಿನ ಇನ್ನೊಂದು ಸಂಗತಿಯನ್ನು: ಆಟಗಾರನು ತೆರೆಯ ಮೇಲಿನ ತನ್ನ ಪಾತ್ರದ ರೂಪವನ್ನು ಬದಲಾಯಿಸಿಕೊಳ್ಳುವ ಬಗೆಯನ್ನು. ಅಂಗಿ, ಮುಡಿ, ಮುಖ, ಮೈಬಣ್ಣ, ಕೈಯ ಆಯುಧದ ಚಿತ್ತಾರ, ಇವೆಲ್ಲ ಕ್ಷಣಮಾತ್ರದಲ್ಲಿ ಬೇರೆಯಾಗುತ್ತವೆ. ಇದು ವೇಷದ ಮಾತು. ವೇಷದ ಮಾತೆಂದ ಮೇಲೆ ನಾಟಕದ ಮಾತು. ನಾಟಕದ ಮಾತು ವಿಮರ್ಶೆಗೆ ಹೊರಗಲ್ಲ.

ಭರತಮುನಿ ಅಭಿನಯವನ್ನು ನಾಲ್ಕಾಗಿ ವಿಂಗಡಿಸಿದನು. ಅಂಗಗಳಿಂದ ಆಗುವುದು ಆಂಗಿಕ, ಮಾತಿನಿಂದ ಆಗುವುದು ವಾಚಿಕ, ಒಳಗಿನ ಭಾವ ಮೈಯಲ್ಲಿ ತೋರುವುದು ಸಾತ್ತ್ವಿಕ, ಉಡುಗೆ ತೊಡುಗೆ ಬಣ್ಣಗಳಿಂದ ಆಗುವುದು ಆಹಾರ್ಯ. ನಾಲ್ಕೂ ಕೂಡಿದಾಗ ಪಾತ್ರ ಹುಟ್ಟುತ್ತದೆ. ಇಂದಿನ ಆಟಗಳಲ್ಲಿ ನಾವು ಕಾಣುವುದು ಆಹಾರ್ಯವೊಂದನ್ನೇ ಉಳಿದ ಮೂರರಿಂದ ಬಿಡಿಸಿ ತಂದು ಅಂಗಡಿಯಲ್ಲಿ ತೂಗುಹಾಕಿರುವುದನ್ನು. ನಮ್ಮ ಆಕ್ಷೇಪಣೆ ಇಷ್ಟೇ. ಮುಂದಿನ ಮಾತುಗಳು ಅದರ ವಿವರಣೆ.

ಆಟದ ರೀತಿಯನ್ನು ಅರಿಯದ ಹಿರಿಯರಿಗಾಗಿ ತುಸು ಹೇಳಬೇಕು. ನಮ್ಮ ಸೀಮೆಯ ಹುಡುಗರ ನಾಲಗೆಯ ಮೇಲೆ ಇಂದಿಗೂ 'ಪಬ್ಜಿ' ಎಂದೇ ನಿಂತಿರುವ ಆಟವನ್ನು ಕೇಂದ್ರ ಸರ್ಕಾರ ೨೦೨೦ರ ಸೆಪ್ಟೆಂಬರಿನಲ್ಲಿ ನಿಷೇಧಿಸಿತು. ದಕ್ಷಿಣ ಕೊರಿಯದ ಕ್ರಾಫ್ಟನ್ ಸಂಸ್ಥೆ ೨೦೨೧ರ ಜುಲೈ ತಿಂಗಳಲ್ಲಿ ಅದನ್ನೇ 'ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ' ಎಂಬ ಹೆಸರಿನಿಂದ ಮತ್ತೆ ತಂದಿತು. ಆಟವೇ ವೇಷ ಬದಲಾಯಿಸಿಕೊಂಡು ಬಂದಿತೆನ್ನಿ! ನೂರು ಮಂದಿ ಒಂದು ವಿಮಾನದಿಂದ ಒಂದು ದ್ವೀಪಕ್ಕೆ ಧುಮುಕುತ್ತಾರೆ. ಅಲ್ಲಿ ಸಿಕ್ಕಿದ ಆಯುಧಗಳನ್ನು ಹಿಡಿದು ಒಬ್ಬರನ್ನೊಬ್ಬರು ಬೇಟೆಯಾಡುತ್ತಾರೆ. ಕೊನೆಗೆ ಉಳಿದವನು ಗೆದ್ದವನು. ಆಡುವುದಕ್ಕೆ ಕಾಸು ಕೊಡಬೇಕಾಗಿಲ್ಲ. ಕಾಸು ಬೇಕಾಗುವುದು ಮುಖ್ಯವಾಗಿ ವೇಷಕ್ಕೆ. ನಿಜವಾದ ರೂಪಾಯಿ ಕೊಟ್ಟು 'ಯುಸಿ' ಎಂಬ ಆಟದ ನಾಣ್ಯ ಕೊಳ್ಳಬೇಕು. ಆ ನಾಣ್ಯದಿಂದ ಪೆಟ್ಟಿಗೆಗಳನ್ನು ತೆರೆಯಬೇಕು. ಪೆಟ್ಟಿಗೆಯಲ್ಲಿ ಬಯಸಿದ ಉಡುಪು ಸಿಕ್ಕರೆ ಸಿಕ್ಕಿತು, ಇಲ್ಲವಾದರೆ ಇನ್ನೊಂದು ಪೆಟ್ಟಿಗೆ. ಬಟ್ಟೆಯಂಗಡಿಯಲ್ಲಿ ಹಣ ಕೊಟ್ಟು ಗಂಟನ್ನು ಮುಚ್ಚಿಯೇ ಕೊಡುತ್ತೇನೆಂದರೆ ನೀವು ಒಪ್ಪುವಿರಾ? ಬೆಲ್ಜಿಯಂ ದೇಶದ ಅಧಿಕಾರಿಗಳು ೨೦೧೮ರಲ್ಲಿಯೇ ಇಂಥ ಕೆಲವು ಪೆಟ್ಟಿಗೆಗಳನ್ನು ಜೂಜೆಂದು ಸಾರಿದರು.

ಈ ಉಡುಪುಗಳಿಗೆ ಅವರಿಟ್ಟ ಹೆಸರು 'ಸ್ಕಿನ್', ಎಂದರೆ ತೊಗಲು. ನಮ್ಮ ತೊಗಲುಗೊಂಬೆಯವರ ಪೆಟ್ಟಿಗೆಯಲ್ಲಿಯೂ ಒಬ್ಬನೇ ರಾಮನಿಗೆ ಒಂದಕ್ಕಿಂತ ಹೆಚ್ಚು ಗೊಂಬೆಗಳಿರುತ್ತವೆ. ಅರಮನೆಯ ರಾಮನ ಗೊಂಬೆ ಬೇರೆ, ಕಾಡಿನ ರಾಮನ ಗೊಂಬೆ ಬೇರೆ. ಆದರೆ ಅಲ್ಲಿ ತೊಗಲು ಬದಲಾಗುವುದು ಕಥೆ ಬದಲಾದಾಗ. ಪಟ್ಟ ತಪ್ಪಿತು, ನಾರುಮಡಿ ಬಂದಿತು. ಇಲ್ಲಿ ತೊಗಲು ಬದಲಾದರೂ ಕಥೆ ಇದ್ದಲ್ಲಿಯೇ ಇರುತ್ತದೆ.

ಒಂದು ವಿನಾಯಿತಿಯನ್ನು ಹೇಳದಿದ್ದರೆ ವಿಮರ್ಶೆ ಪಕ್ಷಪಾತವಾದೀತು. ಆಟ ನಡೆಯುತ್ತಿರುವಾಗ ಆಕಾಶದಿಂದ ಇಳಿಯುವ ಪೆಟ್ಟಿಗೆಯಲ್ಲಿ ಕೆಲವೊಮ್ಮೆ ಹುಲ್ಲಿನಂಥ ಉಡುಪೊಂದು ದೊರೆಯುತ್ತದೆ. ಅದನ್ನು ತೊಟ್ಟವನು ಹುಲ್ಲುಗಾವಲಿನಲ್ಲಿ ಮಲಗಿದರೆ ಎದುರಾಳಿಗೆ ಕಾಣುವುದು ಕಷ್ಟ. ಅದಕ್ಕೆ ಹಣವಿಲ್ಲ; ಪ್ರಾಣಭಯವನ್ನು ಲೆಕ್ಕಿಸದೆ ಪೆಟ್ಟಿಗೆಯ ಬಳಿಗೆ ಓಡಿದವನಿಗೆ ಅದು. ತೊಟ್ಟ ಮೇಲೆ ಅವನ ನಡೆಯೂ ಬದಲಾಗಬೇಕು: ನಿಂತು ಓಡಿದರೆ ವೇಷ ಕೆಟ್ಟಿತು, ತೆವಳಬೇಕು, ಉಸಿರು ಬಿಗಿಹಿಡಿದಂತೆ ಕಾಯಬೇಕು. ಆಹಾರ್ಯವು ಆಂಗಿಕವನ್ನು ಬೇಡುವ ಈ ಒಂದೇ ಉಡುಪು ಆ ಆಟದಲ್ಲಿ ನಮಗೆ ನಿಜವಾದ ವೇಷವಾಗಿ ಕಂಡಿತು. ಹಣ ಕೊಟ್ಟು ಕೊಂಡ ರಾಜಪೋಷಾಕು ಆಡುವವನಿಂದ ಏನನ್ನೂ ಬೇಡುವುದಿಲ್ಲ. ಮತ್ತೊಂದು ವಿನೋದವನ್ನು ಗಮನಿಸಿ. ಆಡುವಾಗ ಹುಡುಗನು ಹೆಚ್ಚಾಗಿ ಕಾಣುವುದು ತನ್ನ ಪಾತ್ರದ ಬೆನ್ನನ್ನು. ಅಷ್ಟು ಹಣದ ಅಲಂಕಾರವನ್ನು ಎದುರಿನಿಂದ ನೋಡುವವನು ಅವನನ್ನು ಕೊಲ್ಲಬಂದವನೇ.

ಈಗ ನಮ್ಮ ಊರುಗಳ ಕಡೆಗೆ ತಿರುಗೋಣ. ಈ ನಾಲ್ಕು ತಾಲ್ಲೂಕುಗಳಲ್ಲಿ ಸುಗ್ಗಿ ಮುಗಿದು ಕೈ ತುಸು ಬಿಡುವಾದಾಗ 'ಕುರುಕ್ಷೇತ್ರ' ನಾಟಕ ಕಟ್ಟುವ ಪದ್ಧತಿಯನ್ನು ನಿಮಗೆ ಹೊಸದಾಗಿ ಹೇಳಬೇಕಾದುದಿಲ್ಲ. ನಿಮ್ಮಲ್ಲಿ ಹಲವರು ಬಣ್ಣ ಹಚ್ಚಿದವರೇ ಇದ್ದೀರಿ. ಗುಬ್ಬಿ ವೀರಣ್ಣನವರ ಕಂಪನಿ ಆನೆ ಕುದುರೆಗಳನ್ನೇ ರಂಗಕ್ಕೆ ತಂದು ಆಡಿದ ಆ ಕಥೆಯನ್ನು ನಮ್ಮ ರೈತರು ಊರಮುಂದಿನ ಚಪ್ಪರಕ್ಕೆ ಇಳಿಸಿಕೊಂಡರು. ಹೊಗೆಸೊಪ್ಪು ಬೆಳೆಯುವವನು ದುರ್ಯೋಧನ, ಭತ್ತ ಬೆಳೆಯುವವನು ಕರ್ಣ, ಊರ ಮೇಷ್ಟರು ಕೃಷ್ಣ. ಅಲ್ಲಿಯೂ ಪಾತ್ರಕ್ಕೆ ಹಣವುಂಟು ಎಂಬುದನ್ನು ಮರೆಮಾಚಬಾರದು. ಪಾತ್ರ ದೊಡ್ಡದಾದಂತೆ ಪಾತ್ರಧಾರಿ ಕೊಡುವ ವಂತಿಗೆಯೂ ದೊಡ್ಡದಾಗುತ್ತದೆ. ದುರ್ಯೋಧನನಿಗೆ ಕೊಡುವಷ್ಟನ್ನು ಸಹದೇವನಿಗೆ ಯಾರೂ ಕೊಡುವುದಿಲ್ಲ. ಕಂಠವಿಲ್ಲದಿದ್ದರೂ ಹಣವಿದ್ದ ಮಾತ್ರಕ್ಕೆ ಕಿರೀಟ ಧರಿಸಿದ ದುರ್ಯೋಧನರನ್ನು ನಾವೂ ನೋಡಿದ್ದೇವೆ, ನೀವೂ ನೋಡಿದ್ದೀರಿ. ಹಾಗಾದರೆ ಹುಡುಗನು ಯುಸಿ ಕೊಂಡರೆ ತಪ್ಪೇನು, ಅಪ್ಪನೂ ಕಿರೀಟ ಕೊಂಡವನಲ್ಲವೇ ಎಂದು ಒಬ್ಬ ವಿದ್ಯಾರ್ಥಿ ನಮ್ಮನ್ನು ಕೇಳಿದನು. ಚೆನ್ನಾದ ಪ್ರಶ್ನೆ. ಅದಕ್ಕೆ ಉತ್ತರ ಹೇಳದೆ ಮೊಬೈಲನ್ನು ಕಸಿದುಕೊಳ್ಳುವ ಹಕ್ಕು ಹಿರಿಯರಿಗಿಲ್ಲ.

ವಂತಿಗೆ ಕೊಟ್ಟವನಿಗೆ ಅಲ್ಲಿ ದೊರೆಯುವುದೇನು? ಮೊದಲು ದೊರೆಯುವುದು ಕಿರೀಟವಲ್ಲ, ಹಾರ್ಮೋನಿಯಂ ಮೇಷ್ಟರ ಬೈಗುಳ. ಹಗಲೆಲ್ಲ ಹೊಲದಲ್ಲಿ ದುಡಿದು ರಾತ್ರಿ ತಿಂಗಳುಗಟ್ಟಲೆ ಅಭ್ಯಾಸಕ್ಕೆ ಕೂರಬೇಕು. ಓದು ಬಾರದವನು ಸಹ ಕಂದಪದ್ಯಗಳನ್ನು ಬಾಯಿಪಾಠ ಮಾಡಬೇಕು; ಶ್ರುತಿ ತಪ್ಪಿದರೆ ಮತ್ತೆ ಮೊದಲಿನಿಂದ. ಗದೆಯನ್ನು ಹೆಗಲಿಗಿಡುವ ರೀತಿ, ಸಭೆಗೆ ಬರುವ ನಡಿಗೆ, ಮೀಸೆಗೆ ಕೈಹಾಕುವ ಹೊತ್ತು, ಎಲ್ಲವನ್ನೂ ಕಲಿಯಬೇಕು. ಮೈಸೂರಿನ ಅಥವಾ ಮಂಡ್ಯದ ಡ್ರಾಮಾ ಸೀನರಿಯವರಿಂದ ಬಾಡಿಗೆಗೆ ಬರುವ ಕಿರೀಟ ಭುಜಕೀರ್ತಿಗಳು ಅವನ ಮೈಗೇರುವುದು ಕಟ್ಟಕಡೆಗೆ, ಒಂದೇ ಒಂದು ರಾತ್ರಿ. ಆ ರಾತ್ರಿ ಅವನೆದುರಿಗೆ ಕುಳಿತಿರುವವರು ಅವನ ಹೆಂಡತಿ ಮಕ್ಕಳು, ದಾಯಾದಿಗಳು, ಸಾಲ ಕೊಟ್ಟವರು. ಕಂಠ ಕೈಕೊಟ್ಟರೆ ಊರೇ ನಗುತ್ತದೆ. ಹಿಡಿಸಿದರೆ ನೋಟಿನ ಹಾರ ಬೀಳುತ್ತದೆ. ಹಣವು ಅವನಿಗೆ ಪಾತ್ರವನ್ನು ಕೊಡಲಿಲ್ಲ. ಪಾತ್ರದ ಪರೀಕ್ಷೆಗೆ ಕೂರುವ ಅವಕಾಶವನ್ನಷ್ಟೇ ಕೊಟ್ಟಿತು. ಆಟದ ಅಂಗಡಿಯಲ್ಲಿ ಈ ಪರೀಕ್ಷೆಯೇ ಇಲ್ಲ. ಹಣ ಸಲ್ಲಿಸಿದ ಕ್ಷಣಕ್ಕೆ ಕಿರೀಟ. ಅದನ್ನು ಹೊತ್ತ ತಲೆ ಯಾವ ಪದ್ಯವನ್ನೂ ಕಲಿಯಬೇಕಾಗಿಲ್ಲ.

ವಿಡಿಯೋ ಆಟವೆಂಬ ಕಲೆಯೇ ಹೀಗೆ ಎನ್ನುವಂತಿಲ್ಲ. ತೆರೆಯ ಮೇಲಿನ ಆಟಗಾರನ ರೂಪಕ್ಕೆ ಇಂದು ಲೋಕವೆಲ್ಲ ಬಳಸುವ ಪದ ನಮ್ಮ 'ಅವತಾರ'. (ಶಿವನಿಗೆ ಅವತಾರವಿಲ್ಲ, ಲೀಲೆಗಳಿವೆ ಎಂದು ನಮ್ಮ ಪುರಾಣಕಾರರು ಇಪ್ಪತ್ತೈದು ಲೀಲೆಗಳನ್ನು ಎಣಿಸುತ್ತಾರೆ, ಆ ಚರ್ಚೆ ಇಲ್ಲಿ ಬೇಡ.) ಈ ಪದವನ್ನು ಹೆಸರಿನಲ್ಲಿಯೇ ಧರಿಸಿದ ಆಟವೊಂದು ೧೯೮೫ರಲ್ಲಿ ಬಂದಿತು, ರಿಚರ್ಡ್ ಗ್ಯಾರಿಯಟ್ ರಚಿಸಿದ 'ಅಲ್ಟಿಮಾ' ಮಾಲಿಕೆಯ ನಾಲ್ಕನೆಯದು. ಅದರಲ್ಲಿ ಕೊಲ್ಲಬೇಕಾದ ದೊಡ್ಡ ರಾಕ್ಷಸನಿಲ್ಲ. ಸತ್ಯ, ಕರುಣೆ, ಶೌರ್ಯ, ನ್ಯಾಯ, ತ್ಯಾಗ, ಮರ್ಯಾದೆ, ಅಧ್ಯಾತ್ಮ, ವಿನಯ ಎಂಬ ಎಂಟು ಗುಣಗಳನ್ನು ನಡತೆಯಿಂದ ಸಾಧಿಸಿದವನಿಗೆ 'ಅವತಾರ'ನೆಂಬ ಪದವಿ. ಕುರುಡಿ ವ್ಯಾಪಾರಿಯೊಬ್ಬಳಿಗೆ ಕೊಡಬೇಕಾದುದಕ್ಕಿಂತ ಕಡಿಮೆ ಕೊಟ್ಟರೆ ಆಟವು ಅದನ್ನು ನೆನಪಿನಲ್ಲಿಟ್ಟುಕೊಳ್ಳುತ್ತಿತ್ತು. ಅಲ್ಲಿಂದ ಇಪ್ಪತ್ತೊಂದು ವರ್ಷಕ್ಕೆ, ೨೦೦೬ರಲ್ಲಿ, 'ಆಬ್ಲಿವಿಯನ್' ಎಂಬ ಆಟದವರು ಕುದುರೆಗೆ ತೊಡಿಸುವ ಕವಚವೊಂದನ್ನು ಎರಡೂವರೆ ಡಾಲರಿಗೆ ಮಾರಿದಾಗ ಆಟಗಾರರೆಲ್ಲ ನಕ್ಕರು. ನಗು ಬಹಳ ಕಾಲ ಉಳಿಯಲಿಲ್ಲ. ಇಂದು ಕುದುರೆಯಿರಲಿ, ಸವಾರನನ್ನೂ ತುಂಡುತುಂಡಾಗಿ ಮಾರುತ್ತಾರೆ, ಯಾರೂ ನಗುವುದಿಲ್ಲ.

'ಮೈನ್‌ಕ್ರಾಫ್ಟ್' ಎಂಬ ಇನ್ನೊಂದು ಆಟದ ಮಾತನ್ನು ಸಂತೋಷದಿಂದ ಹೇಳುತ್ತೇವೆ. ಅದರ ಮನುಷ್ಯ ಚೌಕ ಚೌಕವಾದ ಮರದ ಬೊಂಬೆಯಂತೆ, ನೋಡಲು ಚೆಲುವೇನಿಲ್ಲ. ಆದರೆ ಅವನ ತೊಗಲು ಎಂದರೆ ಅರವತ್ತನಾಲ್ಕಕ್ಕೆ ಅರವತ್ತನಾಲ್ಕು ಚುಕ್ಕೆಗಳ ಒಂದು ಚಿತ್ರ ಮಾತ್ರ. ಅದನ್ನು ಮಗುವೇ ಚುಕ್ಕೆ ಚುಕ್ಕೆಯಾಗಿ ಬಣ್ಣ ತುಂಬಿ ಬರೆದು ತನ್ನ ಪಾತ್ರಕ್ಕೆ ತೊಡಿಸಬಹುದು. ಅದರಲ್ಲಿಯೂ ಮಾರುವ ಅಂಗಡಿಯುಂಟು. ಆದರೂ ತಾನೇ ಬರೆಯುವ ದಾರಿ ಮುಚ್ಚಿಲ್ಲ. ಅಂಗಳದಲ್ಲಿ ಚುಕ್ಕೆ ಎಣಿಸಿ ರಂಗೋಲಿ ಬಿಡುವ ನಮ್ಮ ತಾಯಂದಿರಿಗೆ ಇದರ ಸುಖ ತಟ್ಟನೆ ಅರ್ಥವಾದೀತು. ಬಲ್ಲಿದನ ಮಗನಿಗೂ ಬಡವನ ಮಗನಿಗೂ ಅಷ್ಟೇ ಚುಕ್ಕೆಗಳು.

ರೂಪ ಬದಲಾಯಿಸುವುದೇ ದೋಷವೆಂದು ನಾವು ಹೇಳುತ್ತಿಲ್ಲವೆಂಬುದನ್ನು ಇಲ್ಲಿ ಸ್ಪಷ್ಟಪಡಿಸಬೇಕು. ಹನ್ನೆರಡನೆಯ ಶತಮಾನದ ಶರಣರ ನಡುವೆ ಬಹುರೂಪಿ ಚೌಡಯ್ಯನಿದ್ದನು. ದಿನಕ್ಕೊಂದು ವೇಷ ತೊಟ್ಟು ಜನರೆದುರು ಆಡುವುದೇ ಅವನ ಕಾಯಕ. ಆ ಕಾಯಕವನ್ನು ಬಿಟ್ಟು ಬಾ ಎಂದು ಯಾರೂ ಅವನಿಗೆ ಹೇಳಲಿಲ್ಲ. ವೇಷಗಾರನಾಗಿದ್ದುಕೊಂಡೇ ಅವನು ವಚನಕಾರನಾದನು. ಆದುದರಿಂದ ಹುಡುಗನೊಬ್ಬ ಆಟದಲ್ಲಿ ಹೆಣ್ಣಿನ ರೂಪವನ್ನು ಆರಿಸಿಕೊಂಡನೆಂದು ಗಾಬರಿಗೊಂಡು ನಮ್ಮ ಬಳಿಗೆ ಬಂದ ತಂದೆಗೆ ನಾವು ಹೇಳಿದ್ದು, ಕಂಪನಿ ನಾಟಕಗಳಲ್ಲಿ ದ್ರೌಪದಿಯರಾದ ಗಂಡಸರನ್ನು ನೆನೆಯಿರಿ ಎಂದು. ಇನ್ನೊಬ್ಬರ ರೂಪದಲ್ಲಿ ನಿಂತು ಲೋಕವನ್ನು ನೋಡುವ ಬಯಕೆ ಮನುಷ್ಯನಿಗೆ ಸಹಜ.

ಕೃಷ್ಣರಾಜನಗರ ತಾಲ್ಲೂಕಿನ ಕಪ್ಪಡಿಯಲ್ಲಿ, ಕಾವೇರಿಯ ದಡದಲ್ಲಿ, ರಾಚಪ್ಪಾಜಿ ಚೆನ್ನಾಜಮ್ಮರ ಗದ್ದುಗೆಗಳಿವೆ. ಶಿವರಾತ್ರಿಯ ಹೊತ್ತಿಗೆ ಅಲ್ಲಿ ಜಾತ್ರೆ ಕೂಡುತ್ತದೆ. ಆ ಪರಂಪರೆಯ ನೀಲಗಾರರು ಹಾಡುವ ಮಂಟೇಸ್ವಾಮಿಯ ಕಥೆಯಲ್ಲಿ ವೇಷವೇ ಕೇಂದ್ರ. ಧರೆಗೆ ದೊಡ್ಡವರು ಕಲ್ಯಾಣಕ್ಕೆ ಬರುವುದು ಕೊಳೆತು ನಾರುವ ಮೈಯ ತಿರುಕನ ರೂಪದಲ್ಲಿ, ಸತ್ತ ಕರುವನ್ನು ಹೊತ್ತು. ಬಾಗಿಲಲ್ಲಿದ್ದ ಜಂಗಮರು ಮೂಗು ಮುಚ್ಚಿಕೊಂಡು ಬಡಿದಟ್ಟುತ್ತಾರೆ. ಬಸವಣ್ಣ ಗುರುತಿಸಿ ಒಳಗೆ ಕರೆದುಕೊಳ್ಳುತ್ತಾನೆ. ವಿಭೂತಿ ಕಾವಿಗಳ ಒಳ್ಳೆಯ ವೇಷದಲ್ಲಿದ್ದವರು ಪರೀಕ್ಷೆಯಲ್ಲಿ ಸೋತರು. ಕಾವಿಯುಟ್ಟು ಈ ಸಾಲನ್ನು ಬರೆಯುವಾಗ ನಮಗೆ ಆ ಕಥೆ ಸುಮ್ಮನೆ ದಾಟಿಹೋಗುವುದಿಲ್ಲ. ಕಥೆಯ ತಿರುಕನು ತೊಟ್ಟ ರೂಪ ನೋಡುವವರನ್ನು ಪರೀಕ್ಷಿಸಿತು. ಅಂಗಡಿಯ ರೂಪವೂ ಒಂದು ಪರೀಕ್ಷೆ ನಡೆಸುತ್ತದೆ, ಆದರೆ ಅದು ಜೇಬಿನ ಪರೀಕ್ಷೆ.

ಈ ಜೇಬಿನ ಪರೀಕ್ಷೆಯ ಪೆಟ್ಟು ಬೀಳುವುದು ಯಾರ ಮೇಲೆ ಎಂಬುದನ್ನು ನೀವು, ಅದರಲ್ಲಿಯೂ ನಮ್ಮ ಉಚಿತ ಪ್ರಸಾದನಿಲಯಗಳಲ್ಲಿ ಬೆಳೆದು ಹೋದವರು, ಗಮನಿಸಬೇಕು. ಏನನ್ನೂ ಕೊಳ್ಳದ ಹುಡುಗನ ಪಾತ್ರವು ಕಂಪನಿ ಕೊಟ್ಟ ಬರಿಯ ಅಂಗಿಯಲ್ಲಿ ನಿಂತಿರುತ್ತದೆ. ಅಂಥವನನ್ನು ಜೊತೆಯ ಆಟಗಾರರು 'ನೂಬ್' ಎಂದು ಕರೆಯುತ್ತಾರೆ. ಎಂದರೆ ಏನೂ ಬಾರದವನು. ಅವನಿಗೆ ಆಟ ಬರುತ್ತದೆ, ಬಟ್ಟೆಯಿಲ್ಲ, ಅಷ್ಟೆ. ಒಂದೇ ಪಂಕ್ತಿ, ಒಂದೇ ಬಗೆಯ ಅಂಗಿಯ ನಡುವೆ ಓದಿದ ನಿಮಗೆ ಬಡತನ ಗೊತ್ತಿತ್ತು. ಆದರೆ ಊಟದ ಸಾಲಿನಲ್ಲಿ ಅದನ್ನು ಯಾರೂ ಎತ್ತಿ ಆಡುತ್ತಿರಲಿಲ್ಲ. ದೇಹವೇ ಇಲ್ಲದ, ಚಳಿಯೂ ನಾಚಿಕೆಯೂ ಇಲ್ಲದ ಆ ಲೋಕದಲ್ಲಿ ಬಡವನೆಂಬ ಗುರುತನ್ನು ಹೊಸದಾಗಿ ನಿರ್ಮಿಸಿ ಇಟ್ಟಿದ್ದಾರೆ, ಅದನ್ನು ಕಳಚಿಕೊಳ್ಳಲೆಂದೇ ಹಣ ಕೇಳುತ್ತಾರೆ. ಈ ಕಲೆಯ ಬಗೆಗೆ ನಮ್ಮ ಅತ್ಯಂತ ಕಠಿಣವಾದ ಮಾತು ಇದೇ. ೨೦೨೧ರಲ್ಲಿ ಆಟ ಮರಳಿ ಬಂದಾಗ ಹದಿನೆಂಟು ತುಂಬದವರು ದಿನಕ್ಕೆ ಮೂರು ಗಂಟೆಗಿಂತ ಹೆಚ್ಚು ಆಡಬಾರದು, ಏಳು ಸಾವಿರ ರೂಪಾಯಿಗಿಂತ ಹೆಚ್ಚು ವ್ಯಯಿಸಬಾರದು ಎಂಬ ಮಿತಿ ಹಾಕಿದರು. ದಿನಕ್ಕೆ ಏಳು ಸಾವಿರ! ಪಿರಿಯಾಪಟ್ಟಣದ ಹೊಗೆಸೊಪ್ಪಿನ ಬ್ಯಾರನ್ನಿನ ಬಿಸಿಯಲ್ಲಿ ಬೇಯುವ ಆಳಿಗೆ ಅದು ವಾರಗಟ್ಟಲೆಯ ಕೂಲಿ. ಮಿತಿಯನ್ನು ಗೊತ್ತುಮಾಡಿದವರು ಯಾರ ಮಕ್ಕಳನ್ನು ಕಣ್ಣಮುಂದೆ ಇಟ್ಟುಕೊಂಡಿದ್ದರೋ ಬಲ್ಲವರಾರು. ೨೦೨೫ರ ಆಗಸ್ಟಿನಲ್ಲಿ ಸಂಸತ್ತು ಒಪ್ಪಿದ ಆನ್‌ಲೈನ್ ಆಟಗಳ ಶಾಸನವು ಹಣ ಹೂಡಿ ಹಣ ಗೆಲ್ಲುವ ಆಟಗಳನ್ನು ನಿಷೇಧಿಸಿತು. ವೇಷ ಕೊಂಡವನು ಹಣ ಗೆಲ್ಲುವುದಿಲ್ಲವಾದ್ದರಿಂದ ಈ ವ್ಯಾಪಾರ ಹಾಗೆಯೇ ನಡೆದಿದೆ.

ಕೊಂಡದ್ದಾದರೂ ತನ್ನದಾಗುವುದೇ? ೨೦೨೦ರ ನಿಷೇಧದಿಂದಾಗಿ ಹಳೆಯ ಆಟದ ಉಡುಪುಗಳೆಲ್ಲ ಪೆಟ್ಟಿಗೆಯೊಳಗೆ ಸಿಕ್ಕಿಕೊಂಡವು. ಹೊಸ ಹೆಸರಿನ ಆಟ ಬಂದಾಗ ಅವುಗಳನ್ನು ಸಾಗಿಸಿಕೊಳ್ಳಲು ೨೦೨೧ರ ಡಿಸೆಂಬರ್ ಕೊನೆಯವರೆಗೆ ಅವಕಾಶವಿತ್ತು. ತಡಮಾಡಿದವರಿಗೆ ಅದೂ ಇಲ್ಲ. ೨೦೨೨ರ ಜುಲೈಯಲ್ಲಿ ಈ ಆಟವೂ ಅಂಗಡಿಗಳಿಂದ ಮರೆಯಾಗಿ, ೨೦೨೩ರ ಮೇ ತಿಂಗಳಲ್ಲಿ ಮರಳಿತು. ಅವರು ಬಾಡಿಗೆಯನ್ನು ಕ್ರಯವೆಂದು ಹೇಳಿ ಮಾರುತ್ತಾರೆ. ನಮ್ಮ ಡ್ರಾಮಾ ಸೀನರಿಯವರು ಅದನ್ನು ಬಾಡಿಗೆಯೆಂದೇ ಹೇಳುತ್ತಾರೆ. ಬೆಳಗಿನ ಜಾವ ಭೀಮನ ಗದೆ ಬಿದ್ದು ತೊಡೆ ಮುರಿದ ದುರ್ಯೋಧನ ಎದ್ದು ಬಂದಾಗ ಅವರ ಆಳು ಪಟ್ಟಿ ಹಿಡಿದು ಕಾಯುತ್ತಿರುತ್ತಾನೆ; ಕಿರೀಟ ಒಂದು, ಭುಜಕೀರ್ತಿ ಎರಡು, ಗದೆ ಒಂದು ಎಂದು ಎಣಿಸಿ ಟ್ರಂಕಿಗೆ ಹಾಕಿಕೊಂಡು ಮೊದಲ ಬಸ್ಸಿಗೆ ಹೊರಡುತ್ತಾನೆ. ಪದ್ಯಗಳು ಅವನ ಪಟ್ಟಿಯಲ್ಲಿಲ್ಲ.